ಬ್ಯಾಸ್ಕೆಟ್‌ಬಾಲ್‌ನಿಂದ ಫುಟಿಗೆ: ಎರಿನ್ ಫಿಲಿಪ್ಸ್ ಬಂದ ದಾರಿ ಏಕೆ ಮುಚ್ಚುತ್ತಿದೆ?

2016ರ ಆಗಸ್ಟ್‌ನಲ್ಲಿ, ರಿಯೊ ಒಲಿಂಪಿಕ್ಸ್‌ನ ಕ್ವಾರ್ಟರ್ ಫೈನಲ್‌ನಲ್ಲಿ ಆಸ್ಟ್ರೇಲಿಯಾದ ಮಹಿಳಾ ಬ್ಯಾಸ್ಕೆಟ್‌ಬಾಲ್ ತಂಡ ಸರ್ಬಿಯಾ ಎದುರು ಎರಡೇ ಅಂಕಗಳಿಂದ ಸೋತಿತು. ಆ ತಂಡದಲ್ಲಿದ್ದ ಎರಿನ್ ಫಿಲಿಪ್ಸ್‌ಗೆ ಆಗ 31 ವರ್ಷ. ಅಮೆರಿಕದ ಡಬ್ಲ್ಯುಎನ್‌ಬಿಎ ಲೀಗ್‌ನಲ್ಲಿ ಎರಡು ಬಾರಿ ಚಾಂಪಿಯನ್ ತಂಡದಲ್ಲಿದ್ದವರು, 2006ರ ವಿಶ್ವ ಚಾಂಪಿಯನ್‌ಷಿಪ್‌ನ ಚಿನ್ನ, 2008ರ ಬೀಜಿಂಗ್ ಒಲಿಂಪಿಕ್ಸ್‌ನ ಬೆಳ್ಳಿ ಗೆದ್ದವರು. ಅದೇ ವರ್ಷ ಅಡಿಲೇಡ್ ನಗರದ ಕ್ರೋಸ್ ಕ್ಲಬ್ ಅವರನ್ನು ತನ್ನ ಹೊಸ ಮಹಿಳಾ ಆಸ್ಟ್ರೇಲಿಯನ್ ರೂಲ್ಸ್ ಫುಟ್‌ಬಾಲ್ ತಂಡಕ್ಕೆ ಸೇರಿಸಿಕೊಂಡಿತು. ಕಾಗದದ ಮೇಲೆ ಅವರಿಗೆ ಸಿಕ್ಕ ಸ್ಥಾನ ‘ರೂಕಿ’, ಅಂದರೆ ಹೊಸಬಳು.

ಮುಂದಿನ ಏಳು ತಿಂಗಳಲ್ಲಿ ಆ ಹೊಸಬಳು ಲೀಗ್‌ನ ಶ್ರೇಷ್ಠ ಆಟಗಾರ್ತಿ ಪ್ರಶಸ್ತಿ ಪಡೆದರು, ತಂಡಕ್ಕೆ ಮೊದಲ ಪ್ರಶಸ್ತಿ ಗೆದ್ದುಕೊಟ್ಟರು, ಫೈನಲ್‌ನ ಶ್ರೇಷ್ಠ ಆಟಗಾರ್ತಿಯೂ ಆದರು. ಅಂದಿನಿಂದ ಆಸ್ಟ್ರೇಲಿಯಾದಲ್ಲಿ ಒಂದು ಆಟ ಬಿಟ್ಟು ಇನ್ನೊಂದಕ್ಕೆ ಹೋಗುವ ಹೆಣ್ಣುಮಕ್ಕಳ ಮಾತು ಬಂದಾಗಲೆಲ್ಲ ಮೊದಲು ಕೇಳಿಬರುವ ಹೆಸರು ಫಿಲಿಪ್ಸ್ ಅವರದು. ‘ಅವರು ಮಾಡಿ ತೋರಿಸಿದ್ದಾರೆ, ಯಾರು ಬೇಕಾದರೂ ಮಾಡಬಹುದು’ ಎಂಬ ಧಾಟಿಯಲ್ಲಿ ಆ ಕಥೆಯನ್ನು ಹೇಳಲಾಗುತ್ತದೆ. ನನಗೆ ಅದು ಹಾಗೆ ಕಾಣುವುದಿಲ್ಲ. ಫಿಲಿಪ್ಸ್ ಬಂದ ಬಾಗಿಲು ತೆರೆದಿದ್ದೇ ಆ ಲೀಗ್ ಬಡವಾಗಿತ್ತು ಎಂಬ ಕಾರಣಕ್ಕೆ. ಲೀಗ್ ಬೆಳೆಯುತ್ತ ಹೋದಂತೆ ಅದೇ ಬಾಗಿಲು ಮುಚ್ಚಿಕೊಳ್ಳುತ್ತಿದೆ.

ಆಟದ ಪರಿಚಯ ಇಲ್ಲದವರಿಗೆ ನಾಲ್ಕು ಮಾತು. ಆಸ್ಟ್ರೇಲಿಯನ್ ರೂಲ್ಸ್ ಫುಟ್‌ಬಾಲ್, ಅಲ್ಲಿಯವರ ಬಾಯಲ್ಲಿ ‘ಫುಟಿ’, ಕ್ರಿಕೆಟ್ ಮೈದಾನದಂಥ ಅಂಡಾಕಾರದ ಬಯಲಿನಲ್ಲಿ ಅಂಡಾಕಾರದ ಚೆಂಡಿನಿಂದ ಆಡುವ ಆಟ. 1859ರಲ್ಲಿ ಮೆಲ್ಬರ್ನ್‌ನಲ್ಲಿ ಇದರ ನಿಯಮ ಬರೆದವರಲ್ಲಿ ಒಬ್ಬರಾದ ಟಾಮ್ ವಿಲ್ಸ್ ಹೆಸರಾಂತ ಕ್ರಿಕೆಟಿಗ. ಕ್ರಿಕೆಟಿಗರಿಗೆ ಚಳಿಗಾಲದಲ್ಲಿ ಮೈ ಬಗ್ಗಿಸಲು ಏನಾದರೂ ಬೇಕಿತ್ತು. ಪುರುಷರ ತಂಡದಲ್ಲಿ ಮೈದಾನದ ಮೇಲೆ 18 ಮಂದಿ, ಮಹಿಳೆಯರ ಎಎಫ್‌ಎಲ್‌ಡಬ್ಲ್ಯು ಲೀಗ್‌ನಲ್ಲಿ 16 ಮಂದಿ. ಎರಡೂ ತುದಿಯಲ್ಲಿ ನಾಲ್ಕು ನಾಲ್ಕು ಕಂಬ. ನಡುವಿನ ಎರಡರ ಮಧ್ಯೆ ಒದ್ದರೆ ಆರು ಅಂಕ, ಪಕ್ಕದ ಕಂಬಗಳ ನಡುವೆ ಹೋದರೆ ಒಂದು. ಚೆಂಡನ್ನು ಎಸೆಯುವಂತಿಲ್ಲ, ಒಂದು ಅಂಗೈಯಲ್ಲಿಟ್ಟು ಇನ್ನೊಂದು ಕೈಯ ಮುಷ್ಟಿಯಿಂದ ಹೊಡೆದು ದಾಟಿಸಬೇಕು, ಇಲ್ಲವೇ ಒದೆಯಬೇಕು. ಚೆಂಡು ಹಿಡಿದು ಓಡುವುದಾದರೆ 15 ಮೀಟರ್‌ಗೊಮ್ಮೆ ಅದನ್ನು ನೆಲಕ್ಕೆ ಪುಟಿಸಬೇಕು, ಇಲ್ಲವೇ ಮುಟ್ಟಿಸಬೇಕು. ಒದ್ದ ಚೆಂಡನ್ನು ಗಾಳಿಯಲ್ಲೇ ಹಿಡಿದರೆ ಅದು ‘ಮಾರ್ಕ್’. ಹಿಡಿದವರಿಗೆ ಯಾರ ಅಡ್ಡಿಯೂ ಇಲ್ಲದೆ ಒದೆಯುವ ಅವಕಾಶ.

ಓದುತ್ತಿದ್ದಂತೆಯೇ ಬ್ಯಾಸ್ಕೆಟ್‌ಬಾಲ್ ಬಲ್ಲವರಿಗೆ ನಂಟು ಹೊಳೆದಿರಬೇಕು. ಆಟ ಆರಂಭವಾಗುವಾಗ ಅಂಪೈರ್ ಚೆಂಡನ್ನು ಮೇಲಕ್ಕೆ ಚಿಮ್ಮಿಸುತ್ತಾರೆ, ಎರಡೂ ಕಡೆಯ ಎತ್ತರದ ಆಟಗಾರರು ನೆಗೆದು ಅದನ್ನು ತಮ್ಮವರ ಕಡೆಗೆ ತಟ್ಟುತ್ತಾರೆ. ಆ ಸ್ಥಾನಕ್ಕೆ ‘ರಕ್’ ಎಂದು ಹೆಸರು. ಬ್ಯಾಸ್ಕೆಟ್‌ಬಾಲ್‌ನ ಟಿಪ್-ಆಫ್‌ಗೂ ಇದಕ್ಕೂ ಹೆಚ್ಚು ವ್ಯತ್ಯಾಸವಿಲ್ಲ, ಆದರೆ ಇಲ್ಲಿ ಅದು ಪಂದ್ಯದುದ್ದಕ್ಕೂ ಹತ್ತಾರು ಬಾರಿ ನಡೆಯುತ್ತದೆ. ರಿಬೌಂಡ್‌ಗಾಗಿ, ಅಂದರೆ ಬುಟ್ಟಿಗೆ ಬೀಳದೆ ಪುಟಿದು ಬರುವ ಚೆಂಡಿಗಾಗಿ, ಅದು ಎಲ್ಲಿ ಬೀಳುತ್ತದೆಂದು ಮೊದಲೇ ಲೆಕ್ಕ ಹಾಕಿ, ಎದುರಾಳಿಯನ್ನು ಮೈಯಿಂದ ಹಿಂದಿಟ್ಟು ನೆಗೆಯುವ ಅಭ್ಯಾಸ ಮಾರ್ಕ್ ಹಿಡಿಯುವಾಗ ಹಾಗೆಯೇ ಕೆಲಸಕ್ಕೆ ಬರುತ್ತದೆ. ಎಲ್ಲಕ್ಕಿಂತ ದೊಡ್ಡದು ಇಕ್ಕಟ್ಟಿನಲ್ಲಿ ಅವಸರಪಡದ ಗುಣ. 28 ಮೀಟರ್ ಉದ್ದ, 15 ಮೀಟರ್ ಅಗಲದ ಅಂಕಣದಲ್ಲಿ ಹತ್ತು ಜನರ ನಡುವೆ ಕಿಂಡಿ ಹುಡುಕಿ ಬೆಳೆದವರಿಗೆ, ಸುತ್ತ ಮೂವರು ಮುಗಿಬಿದ್ದರೂ ಯಾರ ಕೈ ಖಾಲಿ ಇದೆ ಎಂಬುದು ಕಾಣುತ್ತಲೇ ಇರುತ್ತದೆ. ಪುರುಷರ ಲೀಗ್‌ನಲ್ಲಿ ಕಾಲಿಂಗ್‌ವುಡ್ ಕ್ಲಬ್‌ನ ಸ್ಕಾಟ್ ಪೆಂಡಲ್‌ಬರಿ ಈ ಗುಣಕ್ಕೇ ಹೆಸರಾದವರು. ಅವರೂ ಹದಿಹರೆಯದಲ್ಲಿ ಬ್ಯಾಸ್ಕೆಟ್‌ಬಾಲ್ ಆಟಗಾರ. ಕ್ಯಾನ್‌ಬೆರಾದ ಆಸ್ಟ್ರೇಲಿಯನ್ ಇನ್‌ಸ್ಟಿಟ್ಯೂಟ್ ಆಫ್ ಸ್ಪೋರ್ಟ್‌ನ ಬ್ಯಾಸ್ಕೆಟ್‌ಬಾಲ್ ವಿದ್ಯಾರ್ಥಿವೇತನ ಬಿಟ್ಟು ಫುಟಿಗೆ ಬಂದರು. ಅವರು ಖಾಲಿ ಮಾಡಿದ ಜಾಗಕ್ಕೆ ಹೋದವರು ಮುಂದೆ ಎನ್‌ಬಿಎ ಚಾಂಪಿಯನ್ ಆದ ಪ್ಯಾಟಿ ಮಿಲ್ಸ್.

ಒಂದು ವಿದ್ಯೆ ಮಾತ್ರ ಜೊತೆಗೆ ಬರುವುದಿಲ್ಲ. ಅದು ಒದೆತ. ಫುಟಿಯಲ್ಲಿ ಹೆಚ್ಚಾಗಿ ಬಳಸುವ ಒದೆತಕ್ಕೆ ‘ಡ್ರಾಪ್ ಪಂಟ್’ ಎನ್ನುತ್ತಾರೆ. ಚೆಂಡಿನ ಹೊಲಿಗೆ ಮುಂದಕ್ಕಿರುವಂತೆ ಎರಡೂ ಕೈಯಲ್ಲಿ ಹಿಡಿದು, ಓಡುತ್ತಲೇ ಒಂದು ಕೈ ಬಿಟ್ಟು, ಇನ್ನೊಂದು ಕೈಯಿಂದ ಅದನ್ನು ನೇರವಾಗಿ ಪಾದದ ಮೇಲಕ್ಕೆ ಇಳಿಬಿಡಬೇಕು. ಚೆಂಡಿನ ಚೂಪು ತುದಿ ಒಂದಿಷ್ಟು ವಾಲಿದರೂ ಅದು ಎಲ್ಲಿಗೆ ಹಾರುತ್ತದೆ ಎಂದು ಹೇಳಲಾಗದು. ಸರಿಯಾಗಿ ಬಿದ್ದರೆ ಹಿಮ್ಮುಖವಾಗಿ ಉರುಳುತ್ತ ನೆಟ್ಟಗೆ ಹೋಗುತ್ತದೆ. ಕಾಲಿನ ಬಲಕ್ಕಿಂತ ಕೈ ಬಿಡುವ ಆ ಅರೆಕ್ಷಣದ ನಿಖರತೆ ಇಲ್ಲಿ ಮುಖ್ಯ, ಮತ್ತು ಅದು ಬರುವುದು ಆರೇಳು ವರ್ಷ ವಯಸ್ಸಿನಿಂದ ಹಿತ್ತಲಿನಲ್ಲಿ ಒದ್ದು ಒದ್ದು. ಮೂವತ್ತರ ಹೊಸ್ತಿಲಲ್ಲಿ ಕಲಿಯಲು ಕುಳಿತವರು ಹೆಚ್ಚೆಂದರೆ ತಪ್ಪು ಮಾಡದಷ್ಟು ಕಲಿಯುತ್ತಾರೆ. ಹಾಗಾಗಿಯೇ ಬೇರೆ ಆಟಗಳಿಂದ ಬಂದ ಎತ್ತರದ ಮಹಿಳೆಯರಲ್ಲಿ ಹೆಚ್ಚಿನವರನ್ನು ಕ್ಲಬ್‌ಗಳು ರಕ್ ಸ್ಥಾನಕ್ಕೆ ಕಳಿಸಿದವು. ಅಮೆರಿಕದ ಡ್ಯೂಕ್ ವಿಶ್ವವಿದ್ಯಾಲಯಕ್ಕೆ ಬ್ಯಾಸ್ಕೆಟ್‌ಬಾಲ್ ಆಡಿದ್ದ ಜೆಸ್ ಫೋಲಿ ಅಡಿಲೇಡ್‌ನಲ್ಲಿ ರಕ್ ಆದರು. ಆಸ್ಟ್ರೇಲಿಯಾದ ನೆಟ್‌ಬಾಲ್ ತಂಡದಲ್ಲಿ ಆಡಿದ್ದ ಶಾರ್ನಿ ನಾರ್ಡರ್ ಕಾಲಿಂಗ್‌ವುಡ್‌ನಲ್ಲಿ ಅದೇ ಕೆಲಸ ಮಾಡಿದರು. ನೆಗೆತ, ಎತ್ತರ, ಮೈಗಟ್ಟು ಸಾಕಾಗುವ ಜಾಗ ಅದು. ಒದೆತದ ಪರೀಕ್ಷೆ ಅಲ್ಲಿ ಕಡಿಮೆ.

ಫಿಲಿಪ್ಸ್ ರಕ್ ಆಡಲಿಲ್ಲ. ಮಿಡ್‌ಫೀಲ್ಡ್‌ನಲ್ಲಿ, ಮುಂಪಂಕ್ತಿಯಲ್ಲಿ, ಆಟ ಕಟ್ಟುವ ಜಾಗದಲ್ಲೇ ಆಡಿದರು. ಓಡುತ್ತ ದೂರದಿಂದ ಗೋಲು ಹೊಡೆದರು. ಬ್ಯಾಸ್ಕೆಟ್‌ಬಾಲ್ ಕಲಿಸಿದ ಆಟ ಇದಲ್ಲ.

ಅವರ ತಂದೆ ಗ್ರೆಗ್ ಫಿಲಿಪ್ಸ್ ಪೋರ್ಟ್ ಅಡಿಲೇಡ್ ಕ್ಲಬ್‌ನ ದಂತಕಥೆ. ದಕ್ಷಿಣ ಆಸ್ಟ್ರೇಲಿಯಾದ ಲೀಗ್‌ನಲ್ಲಿ ಎಂಟು ಪ್ರಶಸ್ತಿ ಗೆದ್ದ ತಂಡಗಳಲ್ಲಿ ಆಡಿದವರು, ಕಾಲಿಂಗ್‌ವುಡ್‌ಗೂ ಆಡಿದವರು. ಮೂವರು ಹೆಣ್ಣುಮಕ್ಕಳಲ್ಲಿ ಕಿರಿಯಳಾದ ಎರಿನ್ ಬೆಳೆದದ್ದೇ ಆ ಕ್ಲಬ್‌ನ ಸುತ್ತ. ಹುಡುಗರ ತಂಡಗಳಲ್ಲಿ ಹುಡುಗರಿಗಿಂತ ಚೆನ್ನಾಗಿ ಆಡುತ್ತಿದ್ದರು. 13 ವರ್ಷ ತುಂಬಿತು. ಅಲ್ಲಿಂದ ಮುಂದೆ ಹುಡುಗಿಯರಿಗೆ ಹುಡುಗರ ಜೊತೆ ಆಡಲು ಅವಕಾಶವಿಲ್ಲ ಎಂದರು. ಹುಡುಗಿಯರಿಗೇ ಬೇರೆ ದಾರಿ ಇತ್ತೇ ಎಂದರೆ ಹೇಳಿಕೊಳ್ಳುವಂಥದ್ದು ಇರಲಿಲ್ಲ. ವಿಕ್ಟೋರಿಯಾದಲ್ಲಿ ಮಹಿಳೆಯರ ಲೀಗ್ 1981ರಲ್ಲೇ ಹುಟ್ಟಿತ್ತು, ಆದರೆ ಅದನ್ನು ನಂಬಿ ಯಾರೂ ಬದುಕು ಕಟ್ಟಿಕೊಳ್ಳುವಂತಿರಲಿಲ್ಲ. ಬ್ಯಾಸ್ಕೆಟ್‌ಬಾಲ್‌ನಲ್ಲಿ ರಾಷ್ಟ್ರೀಯ ಲೀಗ್ ಇತ್ತು, ಒಲಿಂಪಿಕ್ಸ್ ಇತ್ತು, ಅಮೆರಿಕ ಇತ್ತು. ಹುಡುಗಿ ಆ ಕಡೆ ಹೋದಳು.

ಹಾಗಾಗಿ 2016ರಲ್ಲಿ ನಡೆದದ್ದನ್ನು ಆಟ ಬದಲಿಸಿದ್ದು ಎನ್ನುವುದಕ್ಕಿಂತ ತವರಿಗೆ ಮರಳಿದ್ದು ಎನ್ನುವುದು ಸರಿ. ಬದಲಾವಣೆ ಆಗಿದ್ದು 13ನೇ ವಯಸ್ಸಿನಲ್ಲಿ, ಅದೂ ಅವರ ಇಚ್ಛೆಯಿಂದಲ್ಲ. ಹದಿನೇಳೆಂಟು ವರ್ಷ ಬ್ಯಾಸ್ಕೆಟ್‌ಬಾಲ್ ಅವರನ್ನು ಸಾಕಿತು, ತರಬೇತಿ ಕೊಟ್ಟಿತು, ವೃತ್ತಿಪರ ಆಟಗಾರ್ತಿಯ ಶಿಸ್ತು ಕಲಿಸಿತು. ಆ ಎಲ್ಲ ಹೂಡಿಕೆಯ ಫಲ ಫುಟಿಗೆ ಪುಕ್ಕಟೆಯಾಗಿ ಸಿಕ್ಕಿತು. ಬ್ಯಾಸ್ಕೆಟ್‌ಬಾಲ್ ಸಂಸ್ಥೆಗಳವರು ಈ ವಿಷಯದಲ್ಲಿ ಹುಬ್ಬು ಗಂಟಿಕ್ಕಿದರೆ ಅವರನ್ನು ದೂರುವಂತಿಲ್ಲ.

ಇದರಲ್ಲೊಂದು ತಮಾಷೆಯೂ ಇದೆ. ತಂದೆಯ ಕ್ಲಬ್ ಪೋರ್ಟ್ ಅಡಿಲೇಡ್‌ಗೆ 2017ರಲ್ಲಿ ಮಹಿಳಾ ತಂಡವೇ ಇರಲಿಲ್ಲ. ಮೊದಲ ಎಂಟು ತಂಡಗಳಲ್ಲಿ ಆ ನಗರದಿಂದ ಇದ್ದದ್ದು ಕ್ರೋಸ್ ಮಾತ್ರ. ಅಡಿಲೇಡ್‌ನಲ್ಲಿ ಪೋರ್ಟ್‌ನ ಮನೆಮಗಳು ಕ್ರೋಸ್ ಅಂಗಿ ತೊಡುವುದೆಂದರೆ ಎಷ್ಟು ಮುಜುಗರ ಎಂಬುದು ಅಲ್ಲಿಯವರಿಗಷ್ಟೇ ಗೊತ್ತು. 2022ರಲ್ಲಿ ಪೋರ್ಟ್ ಮಹಿಳಾ ತಂಡ ಕಟ್ಟಿದಾಗ ಅವರು ಮೊದಲ ನಾಯಕಿಯಾಗಿ ಅಲ್ಲಿಗೆ ಹೋದರು, 2023ರಲ್ಲಿ ಅಲ್ಲಿಂದಲೇ ನಿವೃತ್ತರಾದರು.

ಬಾಗಿಲು ಹೇಗೆ ತೆರೆಯಿತು ಎಂಬ ಪ್ರಶ್ನೆಗೆ ಈಗ ಬರೋಣ. ರಾಷ್ಟ್ರೀಯ ಮಹಿಳಾ ಲೀಗ್ 2020ಕ್ಕೆ ಶುರುವಾಗಬೇಕಿತ್ತು. 2017ಕ್ಕೇ ಎಳೆದು ತಂದರು. ಏಕಾಏಕಿ ಎಂಟು ತಂಡಗಳಿಗೆ ಆಟಗಾರ್ತಿಯರು ಬೇಕಾದರು. ಹಿಂದಿನ ಎರಡು ದಶಕ ಹದಿಹರೆಯದ ಹುಡುಗಿಯರನ್ನು ಹೊರಗಟ್ಟಿದ್ದ ಆಟಕ್ಕೆ ಸಿದ್ಧ ಆಟಗಾರ್ತಿಯರು ಎಲ್ಲಿಂದ ಬರಬೇಕು? ಇತ್ತೀಚಿನ ವರ್ಷಗಳಲ್ಲಿ ಫುಟಿ ಆಡದ, ಬೇರೆ ಆಟದಲ್ಲಿ ಪಳಗಿದವರನ್ನು ರೂಕಿಗಳೆಂದು ಸೇರಿಸಿಕೊಳ್ಳಲು ನಿಯಮ ಮಾಡಿದರು. ಬ್ಯಾಸ್ಕೆಟ್‌ಬಾಲ್, ನೆಟ್‌ಬಾಲ್, ಅಥ್ಲೆಟಿಕ್ಸ್, ಕ್ರಿಕೆಟ್, ಐರ್ಲೆಂಡಿನ ಗೇಲಿಕ್ ಫುಟ್‌ಬಾಲ್ ಹೀಗೆ ಎಲ್ಲ ಕಡೆಯಿಂದ ಜನ ಬಂದರು. ಜನರ ಹಸಿವು ಎಷ್ಟಿತ್ತೆಂದರೆ 2017ರ ಫೆಬ್ರುವರಿ 3ರಂದು ಮೆಲ್ಬರ್ನ್‌ನ ಪ್ರಿನ್ಸಸ್ ಪಾರ್ಕ್‌ನಲ್ಲಿ ನಡೆದ ಮೊದಲ ಪಂದ್ಯಕ್ಕೆ 24,568 ಮಂದಿ ಒಳಗೆ ಸೇರಿ ಗೇಟು ಮುಚ್ಚಬೇಕಾಯಿತು. ಪುರುಷರ, ಮಹಿಳೆಯರ ಲೀಗ್‌ಗಳೆರಡನ್ನೂ ನಡೆಸುವ ಎಎಫ್‌ಎಲ್ ಸಂಸ್ಥೆಯ ಮುಖ್ಯಸ್ಥರೇ ಹೊರಗೆ ಬಂದು, ಒಳಗೆ ಹೋಗಲಾಗದೆ ನಿಂತವರ ಕ್ಷಮೆ ಕೇಳಿದರು.

ಸಂಬಳ ಮಾತ್ರ ಆ ಹಸಿವಿಗೆ ತಕ್ಕಂತೆ ಇರಲಿಲ್ಲ. ಪ್ರತಿ ಕ್ಲಬ್‌ನ ಇಬ್ಬರು ತಾರೆಯರಿಗೆ 27,000 ಆಸ್ಟ್ರೇಲಿಯನ್ ಡಾಲರ್, ಹೆಚ್ಚಿನವರಿಗೆ 8,500 ಡಾಲರ್. ಆಗಿನ ದರದಲ್ಲಿ ನಾಲ್ಕು ಲಕ್ಷ ರೂಪಾಯಿ ಚಿಲ್ಲರೆ. ಅಷ್ಟೂ ಆಟಗಾರ್ತಿಯರ ಸಂಘ ಜಗ್ಗಾಡಿ ಏರಿಸಿದ ಮೊತ್ತ. ಅದೇ ಹೊತ್ತಿಗೆ ಡಬ್ಲ್ಯುಎನ್‌ಬಿಎಯಲ್ಲಿ ಗರಿಷ್ಠ ಸಂಬಳ ಸುಮಾರು 1.1 ಲಕ್ಷ ಅಮೆರಿಕನ್ ಡಾಲರ್ ಇತ್ತು. ಅದೂ ದೊಡ್ಡದಲ್ಲ, ಅಲ್ಲಿನ ಆಟಗಾರ್ತಿಯರು ಬಿಡುವಿನ ತಿಂಗಳುಗಳಲ್ಲಿ ಯುರೋಪಿಗೆ ಹೋಗಿ ದುಡಿಯುತ್ತಿದ್ದರು, ಫಿಲಿಪ್ಸ್ ಕೂಡ ಪೋಲೆಂಡ್‌ನಲ್ಲಿ ಆಡಿದ್ದರು. ಆದರೂ ದುಡ್ಡಿನ ಆಸೆಗೆ ಅವರು ಫುಟಿಗೆ ಬಂದರು ಎಂದು ಯಾರೂ ಹೇಳುವಂತಿಲ್ಲ.

ಅವರು ಬರಲು ಸಾಧ್ಯವಾದದ್ದು ಪಂಚಾಂಗ ಕೂಡಿ ಬಂದದ್ದರಿಂದ. ಮೊದಲ ವರ್ಷದ ಎಎಫ್‌ಎಲ್‌ಡಬ್ಲ್ಯು ಏಳು ಸುತ್ತು, ಒಂದು ಫೈನಲ್. ಫೆಬ್ರುವರಿಯಲ್ಲಿ ಶುರು, ಮಾರ್ಚ್‌ನಲ್ಲಿ ಮುಕ್ತಾಯ, ಎಂಟೇ ವಾರ. ಅಮೆರಿಕದ ಲೀಗ್ ನಡೆಯುತ್ತಿದ್ದುದು ಮೇ ತಿಂಗಳಿನಿಂದ ಸೆಪ್ಟೆಂಬರ್ ತನಕ. ಹೀಗಾಗಿ ಟೆಕ್ಸಸ್‌ನ ಡಲ್ಲಾಸ್ ವಿಂಗ್ಸ್ ತಂಡದ ನಂಟನ್ನು ಕಡಿದುಕೊಳ್ಳದೆ, ಅಡಿಲೇಡ್‌ಗೂ ಡಲ್ಲಾಸ್‌ಗೂ ಓಡಾಡಿಕೊಂಡು ಎರಡನ್ನೂ ನಿಭಾಯಿಸಲು ಆಯಿತು. ಪುರುಷರ ಲೀಗ್‌ಗೆ ತೊಂದರೆಯಾಗಬಾರದೆಂದು ಬೇಸಿಗೆಯ ಧಗೆಯಲ್ಲಿ ಒಂದು ಸಂದಿಯಲ್ಲಿ ತುರುಕಿದ್ದ ಲೀಗ್ ಅದು. ಮಹಿಳೆಯರನ್ನು ಲೆಕ್ಕಕ್ಕಿಡದ ಆ ಏರ್ಪಾಡೇ, ಬೇರೆ ಕಡೆ ಕೆಲಸವಿದ್ದ ಒಬ್ಬ ಮಹಿಳೆಗೆ ಅನುಕೂಲವಾಗಿ ಒದಗಿತು. ಹಾಗೆಂದು ಅದು ಒಳ್ಳೆಯ ಏರ್ಪಾಡಾಗಿತ್ತು ಎಂದಲ್ಲ. 2017ರ ಫೈನಲ್ ಬ್ರಿಸ್ಬೇನ್‌ನ ಗ್ಯಾಬಾದಲ್ಲಿ ನಡೆಯಬೇಕಿತ್ತು. ಗಾಯಕಿ ಅಡೆಲ್ ಅವರ ಸಂಗೀತ ಕಾರ್ಯಕ್ರಮದಿಂದ ಹುಲ್ಲು ಹಾಳಾಗಿದೆಯೆಂದು ಗೋಲ್ಡ್ ಕೋಸ್ಟ್‌ಗೆ ಎತ್ತಂಗಡಿಯಾಯಿತು. ಪುರುಷರ ಫೈನಲ್‌ಗೆ ಹಾಗಾಗುತ್ತಿತ್ತೇ ಎಂದು ಕೇಳಿದವರಿಗೆ ಉತ್ತರ ಸಿಕ್ಕ ನೆನಪಿಲ್ಲ.

2019ರ ಹೊತ್ತಿಗೆ ಚಿತ್ರ ಬದಲಾಗಿತ್ತು. ಆ ವರ್ಷ ಮಾರ್ಚ್ 31ರಂದು ಅಡಿಲೇಡ್ ಓವಲ್‌ನಲ್ಲಿ ಕಾರ್ಲ್‌ಟನ್ ವಿರುದ್ಧದ ಫೈನಲ್‌ಗೆ 53,034 ಮಂದಿ ಬಂದಿದ್ದರು. ಕ್ರೋಸ್ ಬಹಳ ಮುಂದಿತ್ತು. ಮೂರನೇ ಕ್ವಾರ್ಟರ್‌ನಲ್ಲಿ ಫಿಲಿಪ್ಸ್ ಮೊಣಕಾಲು ಹಿಡಿದು ಬಿದ್ದರು. ಎಸಿಎಲ್ ಎಂಬ ಅಸ್ಥಿರಜ್ಜು ಹರಿದಿತ್ತು. ಸ್ಟ್ರೆಚರ್ ಮೇಲೆ ಅವರನ್ನು ಹೊರಕ್ಕೆ ಒಯ್ಯುವಾಗ ಕ್ರೀಡಾಂಗಣಕ್ಕೆ ಕ್ರೀಡಾಂಗಣವೇ ಎದ್ದು ನಿಂತು ಚಪ್ಪಾಳೆ ತಟ್ಟಿತು. ಎದುರಾಳಿ ತಂಡದವರೂ ಬಳಿಗೆ ಬಂದು ಕೈ ಮುಟ್ಟಿ ಹೋದರು. ಅಡಿಲೇಡ್ 63–18ರಿಂದ ಗೆದ್ದಿತು. ಪಂದ್ಯ ಪೂರ್ತಿ ಆಡದಿದ್ದರೂ ಶ್ರೇಷ್ಠ ಆಟಗಾರ್ತಿ ಅವರೇ. ಆ ವರ್ಷ ಲೀಗ್‌ನ ಶ್ರೇಷ್ಠ ಆಟಗಾರ್ತಿ ಪ್ರಶಸ್ತಿಯೂ ಎರಡನೇ ಬಾರಿಗೆ ಅವರಿಗೇ ಬಂತು.

ಆಟ ಬದಲಿಸುವವರು ತೆರಬೇಕಾದ ಬೆಲೆಯ ಬಗ್ಗೆ ಕಡಿಮೆ ಚರ್ಚೆಯಾಗುತ್ತದೆ. ಎಎಫ್‌ಎಲ್‌ಡಬ್ಲ್ಯುನಲ್ಲಿ ಎಸಿಎಲ್ ಹರಿಯುವ ಪ್ರಮಾಣ ಪುರುಷರಿಗಿಂತ ಹಲವು ಪಟ್ಟು ಹೆಚ್ಚು. ಅದಕ್ಕೆ ಮೈಕಟ್ಟಿನ ಕಾರಣಗಳನ್ನಷ್ಟೇ ಕೊಟ್ಟು ಕೈತೊಳೆದುಕೊಳ್ಳುವುದು ಸುಲಭ. ಚಿಕ್ಕಂದಿನಿಂದ ನೆಲಕ್ಕಿಳಿಯುವ, ತಿರುಗುವ, ಹೊಡೆತ ತಿನ್ನುವ ಅಭ್ಯಾಸ ಎಷ್ಟು ಸಿಕ್ಕಿತ್ತು, ಹಗಲು ಬೇರೆ ನೌಕರಿ ಮಾಡಿ ಸಂಜೆ ತರಬೇತಿಗೆ ಬರುವ ಮೈಗೆ ಎಷ್ಟು ವಿಶ್ರಾಂತಿ ಇತ್ತು, ಜಿಮ್ ಮತ್ತು ಫಿಸಿಯೊ ಎಷ್ಟು ಹೊತ್ತು ಕೈಗೆಟುಕುತ್ತಿದ್ದವು ಎಂಬ ಪ್ರಶ್ನೆಗಳೂ ಅಷ್ಟೇ ಮುಖ್ಯ. ಬ್ಯಾಸ್ಕೆಟ್‌ಬಾಲ್ ಅಂಕಣದಲ್ಲಿ ಯಾರೂ ಹಿಂದಿನಿಂದ ಬಂದು ನೆಲಕ್ಕೆ ಕೆಡವುವುದಿಲ್ಲ. ಟ್ಯಾಕಲ್ ಮಾಡಿಸಿಕೊಳ್ಳುವುದೂ ಕಲಿಯಬೇಕಾದ ವಿದ್ಯೆಯೇ, ಮತ್ತು ಅದನ್ನು 25 ದಾಟಿದ ಮೇಲೆ ಕಲಿಯುವವರು ತಮ್ಮ ಮೊಣಕಾಲನ್ನು ಪಣಕ್ಕಿಟ್ಟು ಕಲಿಯುತ್ತಾರೆ.

ಈ ಎಲ್ಲ ದೂರುಗಳಿಗೂ ಒಂದೇ ಉತ್ತರವಿತ್ತು: ಹೆಚ್ಚು ಸಂಬಳ, ಉದ್ದನೆಯ ಋತು, ವರ್ಷವಿಡೀ ಕರಾರು. ಅದು ನಿಧಾನವಾಗಿ ಬಂತು. 2022ರಲ್ಲಿ 18 ಕ್ಲಬ್‌ಗಳಿಗೂ ಮಹಿಳಾ ತಂಡವಾಯಿತು, ಅತಿ ಕಡಿಮೆ ಸಂಬಳ 20,239 ಡಾಲರ್‌ನಿಂದ 39,184ಕ್ಕೆ, ಅತಿ ಹೆಚ್ಚಿನದು 71,935ಕ್ಕೆ ಏರಿತು. 2023ರಲ್ಲಿ ಪುರುಷರಿಗೂ ಮಹಿಳೆಯರಿಗೂ ಸೇರಿಸಿ ಮೊದಲ ಬಾರಿಗೆ ಒಂದೇ ಒಪ್ಪಂದವಾಯಿತು. ಅದರ ಪ್ರಕಾರ ಮಹಿಳೆಯರ ಸರಾಸರಿ ಸಂಬಳ 2027ಕ್ಕೆ 82,000 ಡಾಲರ್ ಮುಟ್ಟಬೇಕು, ಕರಾರು ಹನ್ನೆರಡು ತಿಂಗಳಿನದು. ಪುರುಷರ ಸರಾಸರಿಗೆ ಹೋಲಿಸಿದರೆ ಇದು ಇನ್ನೂ ಆರರಲ್ಲೊಂದು ಪಾಲಿನ ಆಸುಪಾಸು. ಆದರೂ ನೌಕರಿ ಬಿಟ್ಟು ಆಡಬಹುದಾದಷ್ಟು.

ಅದೇ 2022ರಲ್ಲಿ ಇನ್ನೊಂದು ಬದಲಾವಣೆಯಾಯಿತು. ವರ್ಷದ ಆರಂಭದಲ್ಲಿ ಒಂದು ಋತು ಮುಗಿಸಿ, ಆಗಸ್ಟ್‌ನಲ್ಲಿ ಇನ್ನೊಂದನ್ನು ಶುರುಮಾಡಿದರು. ಅಂದಿನಿಂದ ಎಎಫ್‌ಎಲ್‌ಡಬ್ಲ್ಯು ನಡೆಯುವುದು ಆಗಸ್ಟ್‌ನಿಂದ ನವೆಂಬರ್ ತನಕ. ಬಿರುಬೇಸಿಗೆ ತಪ್ಪಿತು, ಪ್ರಾಯೋಜಕರಿಗೆ ಅನುಕೂಲವಾಯಿತು, ಒಟ್ಟಾರೆ ಸರಿಯಾದ ನಿರ್ಧಾರವೇ. ಆದರೆ ಈಗ ಋತುವಿನ ಪೂರ್ವಸಿದ್ಧತೆ ಅಮೆರಿಕದ ಲೀಗ್‌ನ ನಡುಮಧ್ಯಕ್ಕೆ ಬೀಳುತ್ತದೆ. ಋತುವಿನ ಕೊನೆಯ ಭಾಗ ಆಸ್ಟ್ರೇಲಿಯಾದ ಬ್ಯಾಸ್ಕೆಟ್‌ಬಾಲ್ ಲೀಗ್ ಡಬ್ಲ್ಯುಎನ್‌ಬಿಎಲ್‌ನ ಆರಂಭದ ಮೇಲೆ ಬೀಳುತ್ತದೆ. ಮೊದಲು ಏಳಿದ್ದ ಸುತ್ತು ಈಗ ಹನ್ನೆರಡಾಗಿದೆ. 31ನೇ ವಯಸ್ಸಿನ ಎರಿನ್ ಫಿಲಿಪ್ಸ್ ಇಂದು ಬಂದು ‘ಎರಡನ್ನೂ ಆಡುತ್ತೇನೆ’ ಎಂದರೆ ಯಾವ ಕ್ಲಬ್ಬೂ ಒಪ್ಪುವ ಸ್ಥಿತಿಯಲ್ಲಿಲ್ಲ.

ಕನ್ನಡಿಗರಿಗೆ ಈ ಇಕ್ಕಟ್ಟಿನ ಪರಿಚಯ ಇನ್ನೊಂದು ಹೆಸರಿನ ಮೂಲಕ ಆಗಿದೆ. 2024ರ ಡಬ್ಲ್ಯುಪಿಎಲ್‌ನಲ್ಲಿ 347 ರನ್ ಹೊಡೆದು ಆರ್‌ಸಿಬಿಗೆ ಕಪ್ ತಂದುಕೊಟ್ಟ ಎಲಿಸ್ ಪೆರಿ 2007ರಲ್ಲಿ 16ರ ಹರೆಯದಲ್ಲೇ ಆಸ್ಟ್ರೇಲಿಯಾದ ಕ್ರಿಕೆಟ್ ತಂಡಕ್ಕೂ ಫುಟ್‌ಬಾಲ್ (ಫುಟಿಯಲ್ಲ, ಸಾಕರ್) ತಂಡಕ್ಕೂ ಆಡಿದವರು. 2011ರ ಫುಟ್‌ಬಾಲ್ ವಿಶ್ವಕಪ್‌ನ ಕ್ವಾರ್ಟರ್ ಫೈನಲ್‌ನಲ್ಲಿ ಸ್ವೀಡನ್ ಎದುರು ಅವರು ಹೊಡೆದ ಗೋಲನ್ನು ಚಿನ್ನಸ್ವಾಮಿಯಲ್ಲಿ ಅವರ ಹೆಸರು ಕೂಗುವವರು ಒಮ್ಮೆ ಹುಡುಕಿ ನೋಡಬೇಕು. 2012ರಲ್ಲಿ ಅವರ ಫುಟ್‌ಬಾಲ್ ಕ್ಲಬ್ ಕ್ಯಾನ್‌ಬೆರಾ ಯುನೈಟೆಡ್ ಒಂದನ್ನು ಆರಿಸಿಕೊಳ್ಳಲು ಹೇಳಿತು. ಅವರು ಸಿಡ್ನಿಗೆ ಹೋಗಿ ಇನ್ನಷ್ಟು ಕಾಲ ಎರಡನ್ನೂ ನಡೆಸಿದರು. ಕೊನೆಗೆ ಕ್ರಿಕೆಟ್ ಉಳಿಯಿತು. ಎರಡೂ ಆಟಗಳು ಅರೆಕಾಲಿಕವಾಗಿದ್ದಾಗ ಇಬ್ಬಗೆಯ ಬದುಕು ಸಾಧ್ಯವಿತ್ತು. ಎರಡೂ ಪೂರ್ಣಕಾಲಿಕವಾದಾಗ ಸಾಧ್ಯವಾಗಲಿಲ್ಲ.

ಫಿಲಿಪ್ಸ್ ನಂತರದ ಪೀಳಿಗೆಯಲ್ಲಿ ಇದಕ್ಕೆ ಹತ್ತಿರದ ಉದಾಹರಣೆ ಮೋನಿಕ್ ಕಾಂಟಿ. ಮೆಲ್ಬರ್ನ್ ಬೂಮರ್ಸ್‌ನಲ್ಲಿ ಬ್ಯಾಸ್ಕೆಟ್‌ಬಾಲ್ ಆಡುತ್ತಲೇ 2018ರಲ್ಲಿ ವೆಸ್ಟರ್ನ್ ಬುಲ್‌ಡಾಗ್ಸ್ ಪರ ಫುಟಿ ಫೈನಲ್‌ನ ಶ್ರೇಷ್ಠ ಆಟಗಾರ್ತಿಯಾದರು. ಆಗ ಅವರಿಗೆ 18 ವರ್ಷ. ಮುಂದೆ ರಿಚ್ಮಂಡ್‌ಗೆ ಹೋಗಿ 2023ರಲ್ಲಿ ಲೀಗ್‌ನ ಶ್ರೇಷ್ಠ ಆಟಗಾರ್ತಿ ಪ್ರಶಸ್ತಿ ಪಡೆದರು. ಕಾಂಟಿ ಎರಡೂ ಆಟಗಳನ್ನು ಒಟ್ಟೊಟ್ಟಿಗೇ ಕಲಿತವರು. ಒಂದನ್ನು ಕಸಿದುಕೊಂಡದ್ದರಿಂದ ಇನ್ನೊಂದಕ್ಕೆ ಹೋದವರಲ್ಲ. ಈಗ ಹತ್ತು ವರ್ಷದ ಹುಡುಗಿ ಫುಟಿ ಶುರುಮಾಡಿದರೆ 18ರ ತನಕ ಹುಡುಗಿಯರದೇ ತಂಡಗಳಲ್ಲಿ ಆಡಿ, ಕ್ಲಬ್‌ಗಳು ಸರದಿಯಂತೆ ಹೊಸಬರನ್ನು ಆರಿಸಿಕೊಳ್ಳುವ ‘ಡ್ರಾಫ್ಟ್’ ಮೂಲಕ ನೇರ ಲೀಗ್‌ಗೆ ಹೋಗಬಹುದು. ಅಂಥವರು ಬರಲು ಶುರುವಾದ ಮೇಲೆ, ಒದೆಯಲು ಬಾರದ ಒಲಿಂಪಿಯನ್‌ಗೆ ಕ್ಲಬ್‌ಗಳು ಜಾಗ ಏಕೆ ಕೊಡುತ್ತವೆ?

ಹೊರಗಿನಿಂದ ಆಟಗಾರ್ತಿಯರು ಬರುವುದು ನಿಂತಿಲ್ಲ, ದಿಕ್ಕು ಬದಲಾಗಿದೆ. ಕ್ಲಬ್‌ಗಳ ಕಣ್ಣು ಈಗ ಐರ್ಲೆಂಡಿನ ಮೇಲೆ. ಗೇಲಿಕ್ ಫುಟ್‌ಬಾಲ್‌ನಲ್ಲಿ ಚೆಂಡು ದುಂಡಗಿದ್ದರೂ ಕೈಯಿಂದ ಇಳಿಬಿಟ್ಟು ಒದೆಯುವ, ಓಡುತ್ತ ಪುಟಿಸುವ ಅಭ್ಯಾಸ ಅಲ್ಲಿಯ ಹುಡುಗಿಯರಿಗೆ ಬಾಲ್ಯದಿಂದ ಇದೆ. 2018ರಲ್ಲಿ ಕೋರಾ ಸ್ಟಾಂಟನ್ ಬಂದರು. ಈಗ ಲೀಗ್‌ನಲ್ಲಿ ಐರಿಷ್ ಆಟಗಾರ್ತಿಯರು ಮೂವತ್ತಕ್ಕೂ ಹೆಚ್ಚು. ಸಂಬಳವೇ ಇಲ್ಲದ ಹವ್ಯಾಸಿ ಆಟದಿಂದ ಅವರು ಬರುತ್ತಿರುವುದರಿಂದ ಎಎಫ್‌ಎಲ್‌ಡಬ್ಲ್ಯು ಅವರಿಗೆ ಬಡ್ತಿ. ಬ್ಯಾಸ್ಕೆಟ್‌ಬಾಲ್ ಹುಡುಗಿಯ ಲೆಕ್ಕ ತಿರುಗುಮುರುಗು: 2026ರಿಂದ ಡಬ್ಲ್ಯುಎನ್‌ಬಿಎಗೆ ಹನ್ನೊಂದು ವರ್ಷಕ್ಕೆ ಸುಮಾರು 220 ಕೋಟಿ ಅಮೆರಿಕನ್ ಡಾಲರ್‌ನ ಪ್ರಸಾರ ಒಪ್ಪಂದ ಜಾರಿಗೆ ಬಂದಿದೆ. ಆರಡಿ ಎತ್ತರದ 16ರ ಆಸ್ಟ್ರೇಲಿಯನ್ ಹುಡುಗಿಗೆ ಅಮೆರಿಕದ ಕಾಲೇಜಿನ ಕರೆ ಬಂದರೆ, ಫುಟಿ ಕ್ಲಬ್‌ನವರು ಅವಳ ಮನೆಗೆ ಹೋಗಿ ಏನು ಹೇಳಿಯಾರು?

ಮುಂದಿನ ಜಗಳ ಪಂದ್ಯಗಳ ಸಂಖ್ಯೆಯದು. 18 ತಂಡಗಳಿರುವ ಲೀಗ್‌ನಲ್ಲಿ ಪ್ರತಿ ತಂಡವೂ ಉಳಿದೆಲ್ಲ ತಂಡಗಳ ಜೊತೆ ಒಮ್ಮೆಯಾದರೂ ಆಡಬೇಕು, ಅಂದರೆ 17 ಸುತ್ತು ಬೇಕು ಎಂಬುದು ಆಟಗಾರ್ತಿಯರ ಹಳೆಯ ಬೇಡಿಕೆ. ಎಎಫ್‌ಎಲ್ ಅದನ್ನು ಪ್ರೇಕ್ಷಕರ ಸಂಖ್ಯೆಗೆ ತಳುಕುಹಾಕಿ ಮುಂದೂಡುತ್ತ ಬಂದಿದೆ. ಈಗಿನ ಒಪ್ಪಂದ 2027ಕ್ಕೆ ಮುಗಿಯುತ್ತದೆ. 17 ಸುತ್ತು ಸಿಕ್ಕರೆ ಜುಲೈನಿಂದ ಡಿಸೆಂಬರ್ ತನಕ ಆಟಗಾರ್ತಿಯರಿಗೆ ಬಿಡುವಿರುವುದಿಲ್ಲ, ಡಬ್ಲ್ಯುಎನ್‌ಬಿಎಲ್ ಕ್ಲಬ್‌ಗಳು ಫುಟಿ ಆಡುವವರ ಆಸೆಯನ್ನೇ ಬಿಡಬೇಕಾಗುತ್ತದೆ. ಆ ಬೇಡಿಕೆ ನ್ಯಾಯವಾದದ್ದು, ಈಡೇರಬೇಕು. ಮಾತುಕತೆಯ ಮೇಜಿನಲ್ಲಿ ಎರಡೂ ಆಟ ಆಡಬಯಸುವ ಬೆರಳೆಣಿಕೆಯ ಹುಡುಗಿಯರ ಪರವಾಗಿ ಮಾತನಾಡುವವರು ಯಾರೂ ಇರುವುದಿಲ್ಲ.